ಅಲ್ಸಾಸ್ ವೈನ್ ದಾರಿಯಲ್ಲಿ ಒಂದು ದಿನ: ಸಣ್ಣ ಗುಂಪಿನ ಟೂರ್ ಆರಿಸುವವರಿಗೆ ಹಂತ ಹಂತದ ಮಾರ್ಗದರ್ಶಿ

"ಫ್ರಾನ್ಸಿಗೆ ಹೋಗ್ತಿದ್ದೀವಿ, ಒಂದು ದಿನ ದ್ರಾಕ್ಷಿ ತೋಟ, ಹಳೇ ಕಾಲದ ಹಳ್ಳಿಗಳನ್ನು ನೋಡಬೇಕು, ಯಾವ ಟೂರ್ ತಗೋಬೇಕು?" ತಿಂಗಳಿಗೆ ನಾಲ್ಕು ಜನವಾದರೂ ನನಗೆ ಇದನ್ನೇ ಕೇಳುತ್ತಾರೆ. ಪ್ರತಿಯೊಬ್ಬರಿಗೂ ಬೇರೆ ಬೇರೆ ಬರೆಯುವ ಬದಲು ಎಲ್ಲವನ್ನೂ ಇಲ್ಲಿ ಒಂದೇ ಕಡೆ ಹಾಕುತ್ತಿದ್ದೇನೆ.

ಫ್ರಾನ್ಸಿನಲ್ಲಿ ವೈನ್ ಸೀಮೆಗಳು ಹತ್ತಾರಿವೆ. ಆದರೆ ವೈನೂ ಬೇಕು, ಕೋಟೆ ಬಾಗಿಲು, ಕಲ್ಲು ಹಾಸಿದ ಬೀದಿ ಇರುವ ಹಳ್ಳಿಯೂ ಬೇಕು, ಅದೂ ಒಂದೇ ದಿನದಲ್ಲಿ ಅನ್ನುವವರಿಗೆ ನಾನು ಹೇಳುವುದು ಅಲ್ಸಾಸ್. ಫ್ರಾನ್ಸಿನ ಪೂರ್ವದ ಅಂಚು, ಜರ್ಮನಿಯ ಗಡಿ, ಮಧ್ಯೆ ರೈನ್ ನದಿ. ಇಲ್ಲಿನ ವೈನ್ ದಾರಿಯನ್ನು 1953ರಲ್ಲಿ ಗುರುತಿಸಿದರು. ಉತ್ತರದ ಮಾರ್ಲೆನ್‌ಹೈಮ್‌ನಿಂದ ದಕ್ಷಿಣದ ಥಾನ್‌ವರೆಗೆ ಸುಮಾರು 170 ಕಿಲೋಮೀಟರ್. ಊರಿಂದ ಊರಿಗೆ ಐದು, ಹತ್ತು ನಿಮಿಷದ ಹಾದಿ, ಎರಡೂ ಕಡೆ ದ್ರಾಕ್ಷಿ. ಇಷ್ಟು ಒತ್ತೊತ್ತಾಗಿ ಊರುಗಳಿರುವುದರಿಂದಲೇ ಒಂದು ದಿನದ ಟೂರ್ ಇಲ್ಲಿ ಸಾಧ್ಯ. ಜನ ಎಡವುವುದೂ ಅದೇ ಕಾರಣಕ್ಕೆ.

ಮೊದಲ ಸಲ ನಾನು ಹೋದಾಗ ಐದು ಹಳ್ಳಿ ತೋರಿಸುತ್ತೇವೆ ಅನ್ನುವ ಟೂರ್ ತೆಗೆದುಕೊಂಡಿದ್ದೆ. ಒಂದೊಂದು ಊರಿಗೆ ಸಿಕ್ಕಿದ್ದು ಮೂವತ್ತೈದು ನಿಮಿಷ. ಅದರಲ್ಲಿ ಹತ್ತು ನಿಮಿಷ ಪಾರ್ಕಿಂಗ್‌ನಿಂದ ಊರೊಳಗೆ ನಡೆಯುವುದಕ್ಕೇ ಹೋಯಿತು. ಸಂಜೆ ಫೋಟೋ ತೆರೆದು ನೋಡಿದರೆ ಯಾವುದು ಯಾವ ಊರು ಅಂತ ಗೊತ್ತಾಗಲಿಲ್ಲ. ಹಾಗಾಗಿ ಮೊದಲೇ ಹೇಳಿಬಿಡುತ್ತೇನೆ: ಟೂರ್ ಆರಿಸುವಾಗ ಎಷ್ಟು ಊರು ಅಂತ ನೋಡಬೇಡಿ, ಒಂದು ಊರಿಗೆ ಎಷ್ಟು ನಿಮಿಷ ಅಂತ ನೋಡಿ.

1. ಮೊದಲು ಎಲ್ಲಿ ಉಳಿಯುತ್ತೀರಿ ಅನ್ನುವುದನ್ನು ತೀರ್ಮಾನಿಸಿ

ಸ್ಟ್ರಾಸ್‌ಬರ್ಗ್ ಅಥವಾ ಕೋಲ್ಮಾರ್, ಎರಡರಲ್ಲಿ ಒಂದು. ಪ್ಯಾರಿಸ್ಸಿನ ಈಸ್ಟ್ ಸ್ಟೇಷನ್‌ನಿಂದ (ಫ್ರೆಂಚರು ಗಾರ್ ದ ಲೆಸ್ತ್ ಅನ್ನುತ್ತಾರೆ) ಸ್ಟ್ರಾಸ್‌ಬರ್ಗ್‌ಗೆ ಟಿಜಿವಿ, ಅಂದರೆ ಅತಿವೇಗದ ರೈಲಿನಲ್ಲಿ ಒಂದು ಮುಕ್ಕಾಲು ಗಂಟೆ ಚಿಲ್ಲರೆ. ಅಲ್ಲಿಂದ ಕೋಲ್ಮಾರ್‌ಗೆ ಲೋಕಲ್ ರೈಲು ಅರ್ಧ ಗಂಟೆ ಸುಮಾರು. ಕೆಲವು ಟಿಜಿವಿ ನೇರವಾಗಿ ಕೋಲ್ಮಾರ್‌ಗೇ ಹೋಗುತ್ತವೆ.

ನನ್ನ ಆಯ್ಕೆ ಕೋಲ್ಮಾರ್. ಒಳ್ಳೊಳ್ಳೆಯ ಹಳ್ಳಿಗಳೆಲ್ಲ ಅದರ ಸುತ್ತ ಹದಿನೈದು ಕಿಲೋಮೀಟರ್ ಒಳಗೇ ಇವೆ. ಸ್ಟ್ರಾಸ್‌ಬರ್ಗ್‌ನಿಂದ ಹೊರಟರೆ ಹೋಗಿ ಬರುವುದಕ್ಕೇ ಎರಡು ಗಂಟೆ ಹೆದ್ದಾರಿಯ ಮೇಲೆ ಕಳೆಯುತ್ತದೆ. ಆದರೆ ಸ್ಟ್ರಾಸ್‌ಬರ್ಗ್‌ನಿಂದ ಹೊರಡುವ ಟೂರ್‌ಗಳು ಜಾಸ್ತಿ, ಇಂಗ್ಲಿಷ್ ಮಾತಾಡುವ ಗೈಡ್‌ಗಳೂ ಸುಲಭವಾಗಿ ಸಿಗುತ್ತಾರೆ. ಊರಿನಲ್ಲಿ ದೊಡ್ಡ ಕೆಥೆಡ್ರಲ್ ಬೇರೆ ಇದೆ. ಮಕ್ಕಳು, ವಯಸ್ಸಾದವರು ಜೊತೆಗಿದ್ದು ಹೋಟೆಲ್ ಬದಲಾಯಿಸುವುದು ಕಷ್ಟ ಅನಿಸಿದರೆ ಸ್ಟ್ರಾಸ್‌ಬರ್ಗ್‌ನಲ್ಲೇ ಇರಿ.

ಪ್ಯಾರಿಸ್‌ನಿಂದ ಬೆಳಿಗ್ಗೆ ಹೊರಟು ರಾತ್ರಿ ವಾಪಸ್ ಬರುವ ಯೋಚನೆ ಇದ್ದರೆ ಬಿಟ್ಟುಬಿಡಿ. ಕಾಗದದ ಮೇಲೆ ಆಗುತ್ತದೆ. ಆದರೆ ಟೂರ್‌ಗಳು ಬೆಳಿಗ್ಗೆ ಎಂಟೂವರೆ, ಒಂಬತ್ತಕ್ಕೆ ಹೊರಡುತ್ತವೆ. ರೈಲು ಸ್ವಲ್ಪ ತಡವಾದರೂ ವ್ಯಾನ್ ಕೈ ತಪ್ಪುತ್ತದೆ, ದುಡ್ಡೂ ವಾಪಸ್ ಬರುವುದಿಲ್ಲ. ಕಡೇಪಕ್ಷ ಹಿಂದಿನ ರಾತ್ರಿ ಅಲ್ಲಿ ಮಲಗಿ.

ಜರ್ಮನಿ, ಸ್ವಿಟ್ಜರ್ಲೆಂಡ್‌ನಲ್ಲಿರುವ ಕನ್ನಡದವರಿಗೆ ಇದು ಇನ್ನೂ ಹತ್ತಿರ. ಬಾಸೆಲ್‌ನಿಂದ ಕೋಲ್ಮಾರ್‌ಗೆ ರೈಲಿನಲ್ಲಿ ಮುಕ್ಕಾಲು ಗಂಟೆ. ಕಾರ್ಲ್ಸ್‌ರೂಹೆ, ಸ್ಟುಟ್‌ಗಾರ್ಟ್ ಕಡೆಯವರು ನೇರ ರೈಲಿನಲ್ಲಿ ಸ್ಟ್ರಾಸ್‌ಬರ್ಗ್‌ಗೆ ಬರಬಹುದು. ಗಡಿಯ ಜರ್ಮನ್ ಊರು ಕೇಲ್‌ನಿಂದ 2017ರಿಂದ ಸ್ಟ್ರಾಸ್‌ಬರ್ಗ್‌ಗೆ ಟ್ರಾಮೇ ಓಡುತ್ತಿದೆ. ಗಡಿಯಲ್ಲಿ ಯಾರೂ ಕೇಳುವುದಿಲ್ಲ ಅಂತ ಪಾಸ್‌ಪೋರ್ಟ್ ಮನೆಯಲ್ಲಿ ಬಿಟ್ಟು ಬರಬೇಡಿ. ವಾಪಸ್ ಹೋಗುವಾಗ ಜರ್ಮನ್ ಪೊಲೀಸರು ರೈಲು, ಟ್ರಾಮಿನಲ್ಲಿ ತಪಾಸಣೆ ಮಾಡುವುದುಂಟು. ಪಾಸ್‌ಪೋರ್ಟ್ ಜೊತೆ ರೆಸಿಡೆನ್ಸ್ ಪರ್ಮಿಟ್ ಕಾರ್ಡೂ ಕೈಯಲ್ಲಿರಲಿ.

ಭಾರತದಿಂದ ಬರುವವರಿಗೆ ಷೆಂಗೆನ್ ವೀಸಾ ಬೇಕೇ ಬೇಕು. ಪ್ರಯಾಣಕ್ಕೆ ಆರು ತಿಂಗಳು ಮುಂಚೆಯಿಂದಲೇ ಅರ್ಜಿ ಹಾಕಬಹುದು. ಕನಿಷ್ಠ 30,000 ಯೂರೋ ಮೊತ್ತದ ಪ್ರಯಾಣ ವಿಮೆ ಕಡ್ಡಾಯ. ವೀಸಾ ಕೈಗೆ ಬರುವ ಮೊದಲು, ಕ್ಯಾನ್ಸಲ್ ಮಾಡಿದರೆ ದುಡ್ಡು ವಾಪಸ್ ಕೊಡದ ಟೂರ್ ಬುಕ್ ಮಾಡಲೇಬೇಡಿ.

2. ತಿಂಗಳು ಮತ್ತು ವಾರ, ಎರಡನ್ನೂ ನೋಡಿ

ಮೇ, ಜೂನ್‌ನಲ್ಲಿ ತೋಟ ಹಸಿರು, ಹವೆ ಹಿತ. ಸೆಪ್ಟೆಂಬರ್, ಅಕ್ಟೋಬರ್‌ನಲ್ಲಿ ದ್ರಾಕ್ಷಿ ಕೊಯ್ಲು. ಎಲೆ ಬಣ್ಣ ತಿರುಗಿ ಬೆಟ್ಟವೆಲ್ಲ ಅರಿಶಿನ ಬಳಿದ ಹಾಗೆ ಕಾಣುವುದು ಅಕ್ಟೋಬರ್‌ನಲ್ಲಿ. ಆದರೆ ಕೊಯ್ಲಿನ ಹೊತ್ತಿನಲ್ಲಿ ತೋಟದೊಳಗಿನ ಕಾಲುದಾರಿಗಳನ್ನು ಎಷ್ಟೋ ಕಡೆ ಮುಚ್ಚಿರುತ್ತಾರೆ. ವೈನ್ ಮಾಡುವವರಿಗೂ ಮಾತಾಡಲು ಪುರುಸೊತ್ತು ಇರುವುದಿಲ್ಲ. ನೀವು ಕೇಳಿ ಕಲಿಯಬೇಕು ಅಂತಿದ್ದರೆ ಜೂನ್ ವಾಸಿ.

ನವೆಂಬರ್ ಕೊನೆಯಿಂದ ಕ್ರಿಸ್‌ಮಸ್‌ವರೆಗೆ ಬೇರೆಯದೇ ಲೋಕ. ಸ್ಟ್ರಾಸ್‌ಬರ್ಗ್‌ನ ಕ್ರಿಸ್‌ಮಸ್ ಸಂತೆ 1570ರಿಂದ ನಡೆದು ಬಂದದ್ದು. ಹಳ್ಳಿಗಳಲ್ಲೂ ದೀಪ, ಸಂತೆ, ಬಿಸಿ ವೈನ್. ನೋಡುವುದಕ್ಕೆ ಚೆಂದವೇ, ಆದರೆ ವಾರಾಂತ್ಯದಲ್ಲಿ ನಮ್ಮ ಜಾತ್ರೆಯಷ್ಟೇ ಜನ. ಸಂಜೆ ಐದಕ್ಕೇ ಕತ್ತಲು. ದ್ರಾಕ್ಷಿ ತೋಟ ನೋಡಲೆಂದು ಬರುವವರಿಗೆ ಇದು ಕಾಲ ಅಲ್ಲ, ಬಳ್ಳಿಗಳೆಲ್ಲ ಬೋಳಾಗಿ ನಿಂತಿರುತ್ತವೆ. ಜನವರಿ, ಫೆಬ್ರವರಿ ಅಂತೂ ಬೇಡ. ಹೋಟೆಲ್, ಅಂಗಡಿ ಅರ್ಧಕ್ಕರ್ಧ ಬಾಗಿಲು ಹಾಕಿರುತ್ತವೆ.

ವಾರದ ಲೆಕ್ಕ ಜನರಿಗೆ ಹೊಳೆಯುವುದೇ ಇಲ್ಲ. ಭಾನುವಾರ ಸಣ್ಣ ವೈನ್ ಮನೆಗಳು ತುಂಬಾ ಕಡೆ ಮುಚ್ಚಿರುತ್ತವೆ. ಮಂಗಳವಾರದಿಂದ ಶುಕ್ರವಾರದ ಒಳಗೆ ಇಟ್ಟುಕೊಳ್ಳಿ. ಇನ್ನೊಂದು ವಿಷಯ, ಅಲ್ಸಾಸ್‌ನಲ್ಲಿ ಫ್ರಾನ್ಸಿನ ಬಹುತೇಕ ಕಡೆ ಇಲ್ಲದ ಎರಡು ರಜೆಗಳಿವೆ: ಗುಡ್ ಫ್ರೈಡೇ ಮತ್ತು ಡಿಸೆಂಬರ್ 26. 1871ರಿಂದ 1918ರವರೆಗೆ ಈ ಸೀಮೆ ಜರ್ಮನಿಯ ಕೈಯಲ್ಲಿತ್ತು, ಆ ಕಾಲದ ಕೆಲವು ಕಾನೂನು ಇನ್ನೂ ಇಲ್ಲಿ ಜಾರಿಯಲ್ಲಿವೆ. ಫ್ರಾನ್ಸಿನ ರಜಾ ಪಟ್ಟಿ ನೋಡಿ ಪ್ಲಾನ್ ಮಾಡಿದವರು ಇಲ್ಲಿ ಸಿಕ್ಕಿಹಾಕಿಕೊಳ್ಳುತ್ತಾರೆ.

3. ಟೂರ್‌ನ ವಿವರ ಓದುವುದು ಹೇಗೆ

ಸಣ್ಣ ಗುಂಪು ಅಂದರೆ ಇಲ್ಲಿ ಬಹುತೇಕ ಎಂಟು ಜನ. ಇದಕ್ಕೊಂದು ಕಾರಣ ಇದೆ. ಫ್ರಾನ್ಸಿನಲ್ಲಿ ಸಾಮಾನ್ಯ ಕಾರಿನ ಲೈಸೆನ್ಸ್‌ನಲ್ಲಿ ಚಾಲಕನೂ ಸೇರಿ ಒಂಬತ್ತು ಸೀಟಿನ ಗಾಡಿಯವರೆಗೆ ಓಡಿಸಬಹುದು. ಒಂಬತ್ತರಲ್ಲಿ ಒಂದು ಕಳೆದರೆ ಎಂಟು. ಆ ಚಾಲಕನೇ ಗೈಡ್ ಕೂಡ. "ಸಣ್ಣ ಗುಂಪು" ಅಂತ ಬರೆದು ಹದಿನೈದು, ಇಪ್ಪತ್ತು ಜನ ಅಂತಿದ್ದರೆ ಅದು ಮಿನಿ ಬಸ್. ಕೆಟ್ಟದ್ದೇನಲ್ಲ, ಆದರೆ ವೈನ್ ಇಡುವ ಸಣ್ಣ ನೆಲಮಾಳಿಗೆಯಲ್ಲಿ ಅಷ್ಟು ಜನ ಹಿಡಿಯುವುದಿಲ್ಲ. ಹಾಗಾಗಿ ದೊಡ್ಡ ಕಂಪನಿಯ ಶೋರೂಮಿಗೇ ಕರೆದುಕೊಂಡು ಹೋಗುತ್ತಾರೆ.

ಈಗ ಸಮಯದ ಲೆಕ್ಕ. ಸ್ಟ್ರಾಸ್‌ಬರ್ಗ್‌ನಿಂದ ಹೊರಡುವ ಎಂಟೂವರೆ ಗಂಟೆಯ ಟೂರ್ ಅಂದುಕೊಳ್ಳಿ. ಅಂದರೆ 510 ನಿಮಿಷ. ಗಾಡಿಯ ಓಡಾಟಕ್ಕೆ 150, ಊಟಕ್ಕೆ 75, ಬೆಟ್ಟದ ಮೇಲಿನ ಕೋಟೆಗೆ (ಮುಂದೆ ನಾಲ್ಕನೇ ಹಂತದಲ್ಲಿ ಹೇಳುತ್ತೇನೆ) 90, ವೈನ್ ರುಚಿ ನೋಡುವುದಕ್ಕೆ 60. ಉಳಿಯುವುದು 135 ನಿಮಿಷ. ಎರಡು ಹಳ್ಳಿಗೆ ಹಂಚಿದರೆ ಒಂದೊಂದಕ್ಕೆ ಒಂದು ಗಂಟೆ ಚಿಲ್ಲರೆ, ಅದು ಸರಿ. ನಾಲ್ಕಕ್ಕೆ ಹಂಚಿದರೆ ಅರ್ಧ ಗಂಟೆ. ನೀವು ನೋಡುತ್ತಿರುವ ಟೂರ್‌ನ ವಿವರವನ್ನು ಹೀಗೇ ಒಂದು ಚೀಟಿಯಲ್ಲಿ ಬರೆದು ಕಳೆಯಿರಿ, ಐದು ನಿಮಿಷದ ಕೆಲಸ.

ದುಡ್ಡು ಕಟ್ಟುವ ಮುಂಚೆ ಇವುಗಳನ್ನು ಕೇಳಿ ಖಚಿತ ಮಾಡಿಕೊಳ್ಳಿ. ಮಧ್ಯಾಹ್ನದ ಊಟ ಸೇರಿದೆಯೇ? ಸಾಮಾನ್ಯವಾಗಿ ಇಲ್ಲ. ಕೋಟೆಯ ಟಿಕೆಟ್ ಸೇರಿದೆಯೇ? ವೈನ್ ಟೇಸ್ಟಿಂಗ್ ಎಷ್ಟು ಕಡೆ, ಎಷ್ಟು ಬಗೆ? ಗೈಡ್ ಇಂಗ್ಲಿಷ್‌ನಲ್ಲೇ ಮಾತಾಡುತ್ತಾರೋ ಅಥವಾ ಒಂದೇ ಗಾಡಿಯಲ್ಲಿ ಫ್ರೆಂಚ್, ಜರ್ಮನ್, ಇಂಗ್ಲಿಷ್ ಮೂರನ್ನೂ ಹೇಳುತ್ತಾರೋ? ಮೂರು ಭಾಷೆ ಅಂದರೆ ನಿಮ್ಮ ಪಾಲಿಗೆ ಮೂರನೇ ಒಂದು ಭಾಗ ಅಷ್ಟೇ. ಹತ್ತುವ ಜಾಗ ಹೋಟೆಲ್ಲೋ, ಸ್ಟೇಷನ್ನೋ? ಇಡೀ ದಿನದ ಟೂರ್‌ಗೆ ತಲೆಗೆ ನೂರು ಯೂರೋ ದಾಟುವುದು ಮಾಮೂಲು. ಅದಕ್ಕಿಂತ ತೀರಾ ಕಮ್ಮಿ ಇದ್ದರೆ ಏನೇನು ಸೇರಿಲ್ಲ ಅಂತ ಮತ್ತೊಮ್ಮೆ ಓದಿ.

ಮಕ್ಕಳಿದ್ದರೆ ಮೊದಲೇ ತಿಳಿಸಬೇಕು. ಫ್ರಾನ್ಸಿನಲ್ಲಿ ಹತ್ತು ವರ್ಷದ ಒಳಗಿನ ಮಕ್ಕಳಿಗೆ ಅವರ ಅಳತೆಯ ಸೀಟು ಕಡ್ಡಾಯ. ಅಲ್ಲಿಗೆ ಹೋಗಿ ನಿಂತ ಮೇಲೆ ಹೇಳಿದರೆ ಗಾಡಿ ಹತ್ತಿಸುವುದಿಲ್ಲ.

ಬಾಡಿಗೆ ಕಾರು ತೆಗೆದುಕೊಂಡು ನಾವೇ ಹೋದರೆ ಆಗಲ್ವಾ ಅಂತ ಕೇಳುತ್ತಾರೆ. ಆಗುತ್ತದೆ, ರಸ್ತೆ ಚೆನ್ನಾಗಿದೆ. ಆದರೆ ಓಡಿಸುವವರು ಕುಡಿಯುವಂತಿಲ್ಲ. ಅಲ್ಲಿನ ಮಿತಿ ಒಂದು ಲೀಟರ್ ರಕ್ತಕ್ಕೆ 0.5 ಗ್ರಾಂ ಆಲ್ಕೋಹಾಲ್. ನಮ್ಮಲ್ಲಿ ಅದು 0.3. ಅಲ್ಲಿ ಸ್ವಲ್ಪ ಸಡಿಲ ಇದೆಯಲ್ಲ ಅಂದುಕೊಂಡು ಲೆಕ್ಕ ಹಾಕುತ್ತಾ ಕುಡಿಯುವುದು ಬೇಡ, ಆರು ಲೋಟ ರುಚಿ ನೋಡಿದ ಮೇಲೆ ಯಾರ ಲೆಕ್ಕವೂ ನಿಲ್ಲುವುದಿಲ್ಲ.

4. ಯಾವ ಊರು ಇರಬೇಕು

ಎಲ್ಲ ಟೂರ್‌ಗಳೂ ತಿರುಗಿಸಿ ಮುರುಗಿಸಿ ಇವೇ ನಾಲ್ಕೈದು ಊರಿಗೆ ಹೋಗುತ್ತವೆ. ಇವುಗಳಲ್ಲಿ ಎರಡು, ಹೆಚ್ಚೆಂದರೆ ಮೂರು ಇದ್ದರೆ ಸಾಕು.

ರಿಕ್‌ವೀರ್. ಎಲ್ಲರೂ ಬರುವ ಊರು, ಬರಲೇಬೇಕಾದ ಊರು. ವಾಸ ಮಾಡುವವರು ಸಾವಿರದಷ್ಟು ಜನ ಇರಬಹುದು, ಬರುವವರು ಲಕ್ಷಗಟ್ಟಲೆ. ಒಂದೇ ಮುಖ್ಯ ಬೀದಿ, ಮೆಲ್ಲಗೆ ಏರುತ್ತಾ ಹೋಗುತ್ತದೆ. ಅದರ ತುದಿಯಲ್ಲಿ ದೋಲ್ಡರ್ ಅನ್ನುವ ಕಾವಲು ಗೋಪುರ, ಕಟ್ಟಿದ್ದು 1291ರಲ್ಲಿ. ಹೆಚ್ಚಿನವರು ಊರ ಕಡೆಯಿಂದ ಒಂದು ಫೋಟೋ ತೆಗೆದು ತಿರುಗಿಬಿಡುತ್ತಾರೆ. ನೀವು ಬಾಗಿಲು ದಾಟಿ ಆಚೆ ಹೋಗಿ ತಿರುಗಿ ನೋಡಿ. ಊರ ಕಡೆಯ ಮುಖದಲ್ಲಿ ಕಂದು ಮರದ ಪಟ್ಟಿಗಳ ಚಿತ್ತಾರ, ಮನೆಯ ಹಾಗೆ. ಹೊರಗಿನ ಮುಖದಲ್ಲಿ ಬರೀ ಕಲ್ಲು, ಬೋಳು ಗೋಡೆ. ಊರವರಿಗೆ ಒಂದು ಮುಖ, ದಂಡೆತ್ತಿ ಬಂದವರಿಗೆ ಇನ್ನೊಂದು. ಹಾಗೇ ಮನೆಗಳ ಬಾಗಿಲ ಮೇಲಿನ ಕಲ್ಲನ್ನು ನೋಡುತ್ತಾ ಬನ್ನಿ. ಕಟ್ಟಿದ ಇಸವಿ, ಮನೆಯವರ ಕಸುಬಿನ ಗುರುತು ಕೆತ್ತಿರುತ್ತಾರೆ. ಬಳ್ಳಿ ಸವರುವ ಬಾಗಿದ ಕತ್ತಿ ಇದ್ದರೆ ದ್ರಾಕ್ಷಿ ಬೆಳೆಗಾರ.

ಆ ಮನೆಗಳನ್ನು ಕಟ್ಟಿದ ರೀತಿ ನಮಗೆ ಅಪರಿಚಿತ ಅಲ್ಲ. ದಪ್ಪ ಮರದ ಚೌಕಟ್ಟು ನಿಲ್ಲಿಸಿ, ನಡುವಿನ ಖಾಲಿ ಜಾಗಕ್ಕೆ ಕಡ್ಡಿ ಹೆಣೆದು, ಹುಲ್ಲು ಕಲಸಿದ ಮಣ್ಣು ಮೆತ್ತುತ್ತಿದ್ದರು. ನಮ್ಮ ತಡಿಕೆ ಗೋಡೆಯ ಹಾಗೇ. ಮೇಲೆ ಸುಣ್ಣ, ಬಣ್ಣ. ಫ್ರೆಂಚರು ಇದನ್ನು ಕೊಲೊಂಬಾಜ್ ಅನ್ನುತ್ತಾರೆ, ಗೈಡ್ ಬಾಯಲ್ಲಿ ಈ ಪದ ಹತ್ತು ಸಲ ಬರುತ್ತದೆ.

ಎಗಿಸ್‌ಹೈಮ್. ಕೋಲ್ಮಾರ್‌ನಿಂದ ಏಳು ಕಿಲೋಮೀಟರ್ ಒಳಗೇ. ನಡುವೆ ಪುಟ್ಟ ಕೋಟೆ, ಅದರ ಸುತ್ತ ಒಂದರ ಹೊರಗೆ ಒಂದು ಬಳೆಯ ಹಾಗೆ ಬೀದಿಗಳು. ಹೊರಬಳೆಯ ಬೀದಿಯಲ್ಲಿ ಪೂರ್ತಿ ಒಂದು ಸುತ್ತು ನಡೆಯಿರಿ, ಹೊರಟ ಜಾಗಕ್ಕೇ ಬಂದು ನಿಲ್ಲುತ್ತೀರಿ. ಹನ್ನೊಂದನೆಯ ಶತಮಾನದ ಪೋಪ್ ಒಂಬತ್ತನೆಯ ಲಿಯೋ ಈ ಎಗಿಸ್‌ಹೈಮ್ ದೊರೆಗಳ ಮನೆತನದವರು. ವಯಸ್ಸಾದವರಿಗೆ ಇದು ಸುಲಭದ ಊರು, ಏರು ಕಮ್ಮಿ. 2013ರಲ್ಲಿ ಟಿವಿ ವೀಕ್ಷಕರ ಮತದಲ್ಲಿ ಫ್ರೆಂಚರ ಅಚ್ಚುಮೆಚ್ಚಿನ ಹಳ್ಳಿ ಅಂತ ಗೆದ್ದಿದ್ದು ಇದೇ.

ಕೈಸರ್ಸ್‌ಬರ್ಗ್. 2017ರಲ್ಲಿ ಅದೇ ಮತದಲ್ಲಿ ಗೆದ್ದ ಊರು. ನಡುವೆ ವೈಸ್ ಹೊಳೆ, ಅದರ ಮೇಲೆ ಗುಂಡು ಹಾರಿಸಲು ಕಂಡಿಗಳಿರುವ ಹದಿನಾರನೆಯ ಶತಮಾನದ ಕಲ್ಲು ಸೇತುವೆ, ಮೇಲೆ ಗುಡ್ಡದಲ್ಲಿ ಪಾಳು ಕೋಟೆ. ಆಫ್ರಿಕಾದ ಲಾಂಬರೆನೆಯಲ್ಲಿ ಆಸ್ಪತ್ರೆ ಕಟ್ಟಿದ, 1952ರ ಶಾಂತಿ ನೊಬೆಲ್ ಪಡೆದ ಆಲ್ಬರ್ಟ್ ಶ್ವೈಟ್ಜರ್ ಹುಟ್ಟಿದ್ದು ಇಲ್ಲಿ, 1875ರಲ್ಲಿ. ರಿಕ್‌ವೀರ್‌ಗಿಂತ ನನಗೆ ಇದೇ ಹೆಚ್ಚು ಇಷ್ಟ. ಬೇಕರಿ, ಶಾಲೆ ಎಲ್ಲ ಇರುವ ಬದುಕುವ ಊರು.

ರಿಬೊವಿಲೆ. ತಲೆಯ ಮೇಲೆ ಮೂರು ಪಾಳು ಕೋಟೆಗಳು. ಹಿಂದೆ ಊರೂರು ಅಲೆಯುವ ವಾದ್ಯಗಾರರಿಗೆ ಇಲ್ಲಿನ ದೊರೆಗಳೇ ರಕ್ಷಕರು. ಅದರ ನೆನಪಿಗೆ ಸೆಪ್ಟೆಂಬರ್ ಮೊದಲ ಭಾನುವಾರ ಈಗಲೂ ದೊಡ್ಡ ಹಬ್ಬ, ಮೆರವಣಿಗೆ. ಆ ದಿನ ಹಬ್ಬಕ್ಕೆಂದೇ ಹೋಗುವುದಾದರೆ ಹೋಗಿ, ಟೂರ್ ಮಾತ್ರ ಬೇಡ.

ಇನ್ನು ಓ-ಕ್ಯೋನಿಗ್ಸ್‌ಬರ್ಗ್ ಕೋಟೆ. ಬೆಟ್ಟದ ಮೇಲೆ 700 ಮೀಟರಿಗೂ ಎತ್ತರದಲ್ಲಿದೆ, ಆಕಾಶ ತಿಳಿಯಾಗಿದ್ದರೆ ಆಚೆ ದಡದ ಬ್ಲ್ಯಾಕ್ ಫಾರೆಸ್ಟ್‌ವರೆಗೂ ಕಣ್ಣು ಹಾಯುತ್ತದೆ. ಒಂದು ಮಾತು ತಿಳಿದುಕೊಂಡು ಹೋಗಿ. ಇದರ ಮೂಲ ಹನ್ನೆರಡನೆಯ ಶತಮಾನದ್ದು, 1633ರಲ್ಲಿ ಸ್ವೀಡನ್ ಸೈನ್ಯ ಹಾಳುಮಾಡಿತು. ಈಗ ಕಾಣುವ ರೂಪ 1900ರಿಂದ 1908ರ ನಡುವೆ ಜರ್ಮನ್ ಚಕ್ರವರ್ತಿ ಎರಡನೆಯ ವಿಲ್‌ಹೆಲ್ಮ್ ಕಟ್ಟಿಸಿದ್ದು. ಒಳಗೆ ಮೆಟ್ಟಿಲೋ ಮೆಟ್ಟಿಲು. ಮಂಡಿನೋವು ಇರುವವರು ಕೋಟೆ ಇಲ್ಲದ ಟೂರ್ ತೆಗೆದುಕೊಳ್ಳಿ, ಆ 90 ನಿಮಿಷ ಇನ್ನೊಂದು ಹಳ್ಳಿಗೆ ಸಿಗುತ್ತದೆ.

ದಾರಿಯಲ್ಲಿ ಬೆನ್‌ವೀರ್, ಸಿಗೋಲ್ಸ್‌ಹೈಮ್ ಅನ್ನುವ ಊರುಗಳು ಸಿಗುತ್ತವೆ. ಅಲ್ಲಿನ ಮನೆಗಳು ಹೊಸವು, ಚರ್ಚೂ ಹೊಸದು. ಇದೇನು ಇಲ್ಲಿ ಹಳೆಯದು ಏನೂ ಇಲ್ಲವಲ್ಲ ಅನಿಸುತ್ತದೆ. 1944-45ರ ಚಳಿಗಾಲದಲ್ಲಿ ಕೋಲ್ಮಾರ್ ಸುತ್ತ ನಡೆದ ಯುದ್ಧದಲ್ಲಿ ಈ ಊರುಗಳು ನೆಲಸಮವಾದವು. ಕೆಲವೇ ಕಿಲೋಮೀಟರ್ ಆಚೆಯ ರಿಕ್‌ವೀರ್ ಉಳಿಯಿತು. ಗಾಡಿ ಅಲ್ಲಿ ನಿಲ್ಲುವುದಿಲ್ಲ, ಕಿಟಕಿಯಿಂದಲೇ ನೋಡಿ.

5. ವೈನ್ ಬಗ್ಗೆ ಹೋಗುವ ಮುಂಚೆ ಇಷ್ಟು ತಿಳಿದಿರಲಿ

ಆಗುಂಬೆಯಲ್ಲಿ ಸುರಿಯುವ ಮಳೆ ಚಿತ್ರದುರ್ಗಕ್ಕೆ ಬರುವುದಿಲ್ಲ, ಘಟ್ಟ ತಡೆಯುತ್ತದೆ ಅಲ್ವಾ? ಇಲ್ಲಿಯೂ ಅದೇ. ಪಶ್ಚಿಮಕ್ಕೆ ವೋಜ್ ಬೆಟ್ಟಸಾಲು, ಮೋಡವೆಲ್ಲ ಅಲ್ಲೇ ಇಳಿಯುತ್ತದೆ. ಅದರ ಮಗ್ಗುಲಲ್ಲೇ ಇರುವ ಕೋಲ್ಮಾರ್ ಫ್ರಾನ್ಸಿನ ಅತಿ ಒಣ ಊರುಗಳಲ್ಲಿ ಒಂದು. ಬಿಸಿಲು ಜಾಸ್ತಿ, ಮಳೆ ಕಮ್ಮಿ, ದ್ರಾಕ್ಷಿ ನಿಧಾನವಾಗಿ ಹಣ್ಣಾಗುತ್ತದೆ.

ನಂದಿ ಬೆಟ್ಟದ ಸುತ್ತ ಬೆಂಗಳೂರು ಬ್ಲೂ ದ್ರಾಕ್ಷಿಯ ಚಪ್ಪರ ನೋಡಿದವರಿಗೆ ಇಲ್ಲಿನ ತೋಟ ಬೇರೆ ಥರ ಕಾಣುತ್ತದೆ. ಚಪ್ಪರ ಇಲ್ಲ. ಇಳಿಜಾರಿನಲ್ಲಿ ಸಾಲುಸಾಲು ಗೂಟ, ತಂತಿ, ಅದರ ಮೇಲೆ ನೇರ ನಿಂತ ಬಳ್ಳಿ. ಎಲೆಗೆ ಎರಡೂ ಕಡೆಯಿಂದ ಬಿಸಿಲು ತಾಗಲಿ ಅಂತ.

ಬಹುತೇಕ ಎಲ್ಲ ಬಿಳಿ ವೈನ್. ಫ್ರಾನ್ಸಿನ ಬೇರೆ ಕಡೆ ಬಾಟಲಿಯ ಮೇಲೆ ಊರಿನ ಹೆಸರು ಇದ್ದರೆ ಇಲ್ಲಿ ದ್ರಾಕ್ಷಿ ತಳಿಯ ಹೆಸರೇ ಇರುತ್ತದೆ, ಹೊಸಬರಿಗೆ ಇದೇ ದೊಡ್ಡ ಅನುಕೂಲ. ಮುಖ್ಯವಾದ ತಳಿಗಳು ಏಳು. ರೀಸ್ಲಿಂಗ್, ನಿಂಬೆಯ ಹುಳಿ, ಗರಿಗರಿ. ಗೆವುರ್ಜ್‌ಟ್ರಾಮಿನರ್, ಲೋಟ ಮೂಗಿನ ಹತ್ತಿರ ತಂದರೆ ಸಾಕು, ಲಿಚಿ ಹಣ್ಣು ಮತ್ತು ಗುಲ್ಕನ್‌ನ ಘಮ. ಪಿನೋ ಗ್ರಿ ಸ್ವಲ್ಪ ಮಂದ, ಹೊಗೆಯ ಎಳೆ. ಮಸ್ಕಟ್ ಕುಡಿದರೆ ತಾಜಾ ದ್ರಾಕ್ಷಿ ಕಚ್ಚಿದ ಹಾಗೆ. ಸಿಲ್ವಾನರ್ ಮತ್ತು ಪಿನೋ ಬ್ಲಾಂ ಹಗುರ, ದಿನಬಳಕೆಯವು. ಏಳನೆಯದು ಪಿನೋ ನ್ವಾರ್, ಇದೊಂದೇ ಕೆಂಪು.

ಇನ್ನು ಕೆಲವು ಪದ. ಗ್ರಾಂ ಕ್ರೂ ಅಂದರೆ ಹೆಸರು ಗೊತ್ತುಮಾಡಿದ ವಿಶೇಷ ಇಳಿಜಾರಿನ ತೋಟ, ಇಂಥವು ಅಲ್ಸಾಸ್‌ನಲ್ಲಿ 51 ಇವೆ. ಕ್ರೆಮಾಂ ಅಂದರೆ ನೊರೆ ಉಕ್ಕುವ ವೈನ್, ಶಾಂಪೇನ್ ಹಾಗೆ ಬಾಟಲಿಯೊಳಗೇ ಎರಡನೇ ಸಲ ಹುದುಗು ಬರಿಸಿದ್ದು, ಬೆಲೆ ಮಾತ್ರ ಎಷ್ಟೋ ಕಮ್ಮಿ. ವಾಂದಾಂಜ್ ತಾರ್ದೀವ್ ಅಂದರೆ ತಡವಾಗಿ ಕೊಯ್ದ, ತುಂಬಾ ಹಣ್ಣಾದ ದ್ರಾಕ್ಷಿಯ ಸಿಹಿ ವೈನ್.

ಜನ ಎಡವುವ ಜಾಗ ಇಲ್ಲಿದೆ. ಒಂದೇ ತಳಿಯ ಎರಡು ಬಾಟಲಿಯಲ್ಲಿ ಒಂದು ಒಗರಾಗಿ, ಒಂದು ಸಿಹಿಯಾಗಿ ಇರಬಹುದು. ಲೇಬಲ್‌ನಲ್ಲಿ ಸೆಕ್ ಅಂತಿದ್ದರೆ ಸಿಹಿ ಇಲ್ಲ, ದೆಮಿ-ಸೆಕ್ ಅಂದರೆ ಅಲ್ಪ ಸಿಹಿ, ಮ್ವಲ್ಯೊ ಅಂದರೆ ಸಿಹಿ, ದೂ ಅಂದರೆ ತುಂಬಾ ಸಿಹಿ. 2021ರ ಬೆಳೆಯಿಂದ ಈ ಮಾತು ಲೇಬಲ್ ಮೇಲೆ ಇರಲೇಬೇಕು ಅಂತ ನಿಯಮ ಬಂದಿದೆ. ಅದಕ್ಕಿಂತ ಹಳೆಯ ಬಾಟಲಿಯಾದರೆ ಕೇಳಿಯೇ ಕೊಳ್ಳಿ.

6. ಟೇಸ್ಟಿಂಗ್ ಮೇಜಿನ ಮುಂದೆ

ಫ್ರೆಂಚಿನಲ್ಲಿ ದೆಗುಸ್ತಾಸ್ಯೋಂ. ಒಳಗೆ ಹೋದ ಕೂಡಲೇ "ಬೋಂಜೂರ್" ಅನ್ನಿ. ಇದು ಸುಮ್ನೆ ಶಿಷ್ಟಾಚಾರ ಅಲ್ಲ, ಅನ್ನದೆ ನೇರ ಬೆಲೆ ಕೇಳಿದರೆ ಅವರಿಗೆ ಬೇಸರವಾಗುತ್ತದೆ. ಮೇಜಿನ ಮೇಲೆ ಹಸಿರು ಕಾಲಿನ ಪುಟ್ಟ ಲೋಟಗಳು ಇರಬಹುದು, ಅವು ಈ ಸೀಮೆಯ ಹಳೆಯ ಮಾದರಿ. ಹಗುರದಿಂದ ಶುರು ಮಾಡಿ ಸಿಹಿಯಲ್ಲಿ ಮುಗಿಸುತ್ತಾರೆ. ನಡುವೆ ಗೆವುರ್ಜ್‌ಟ್ರಾಮಿನರ್ ಬೇಕು ಅಂತ ಹಟ ಮಾಡಿದರೆ ಆಮೇಲೆ ರೀಸ್ಲಿಂಗ್ ಬರೀ ಹುಳಿ ನೀರಾಗಿ ಅನಿಸುತ್ತದೆ.

ಒಂದೊಂದು ಲೋಟಕ್ಕೆ 40 ಮಿಲಿಲೀಟರ್ ಹಾಕಿದರೂ ಆರು ಬಗೆಗೆ 240. ಹತ್ತಿರ ಹತ್ತಿರ ಬಾಟಲಿಯ ಮೂರನೇ ಒಂದು ಭಾಗ. ಅದೂ ಬೆಳಿಗ್ಗೆ ಹನ್ನೊಂದಕ್ಕೆ, ಖಾಲಿ ಹೊಟ್ಟೆಗೆ! ತಿಂಡಿ ತಿಂದೇ ಹೋಗಿ, ನೀರು ಕುಡಿಯುತ್ತಿರಿ. ಬಾಯಲ್ಲಿ ಆಡಿಸಿ ಉಗುಳುವುದಕ್ಕೆ ಮೇಜಿನ ಮೇಲೆ ಒಂದು ಪಾತ್ರೆ ಇರುತ್ತದೆ, ಕ್ರಾಶ್ವಾರ್ ಅಂತ. ನಮ್ಮವರು ಉಗುಳುವುದು ಅವಮಾನ ಅಂದುಕೊಂಡು ಎಲ್ಲವನ್ನೂ ನುಂಗುತ್ತಾರೆ. ಅಲ್ಲಿ ಅದು ಅವಮಾನವಲ್ಲ, ಕಸುಬಿನವರೇ ಹಾಗೆ ಮಾಡುತ್ತಾರೆ. ಆ ದಿನ ಗಾಢವಾದ ಸೆಂಟ್ ಹಾಕಬೇಡಿ, ನಿಮಗೂ ಪಕ್ಕದವರಿಗೂ ವೈನಿನ ಘಮ ಸಿಗುವುದಿಲ್ಲ.

ಕುಡಿಯದವರು ಬರಬಾರದೇ? ಖಂಡಿತ ಬನ್ನಿ. "ಜು ನ ಬ್ವಾ ಪಾ ದಾಲ್ಕೋಲ್" ಅಂದರೆ ನಾನು ಮದ್ಯ ಕುಡಿಯುವುದಿಲ್ಲ ಅಂತ. ಎಷ್ಟೋ ಮನೆಗಳಲ್ಲಿ ಅವರದೇ ತೋಟದ ದ್ರಾಕ್ಷಿ ರಸ ಇರುತ್ತದೆ. ಹದಿನೆಂಟರ ಒಳಗಿನವರಿಗೆ ವೈನ್ ಮಾರುವಂತಿಲ್ಲ.

ಕಟ್ಟುನಿಟ್ಟಿನ ಸಸ್ಯಾಹಾರಿಗಳಿಗೆ ಒಂದು ಮಾತು. ವೈನನ್ನು ತಿಳಿಗೊಳಿಸಲು ಕೆಲವರು ಮೊಟ್ಟೆಯ ಬಿಳಿ, ಹಾಲಿನ ಪ್ರೋಟೀನ್ ಅಥವಾ ಮೀನಿನಿಂದ ತೆಗೆದ ಅಂಟು ಬಳಸುತ್ತಾರೆ. ಬೇಡ ಅನ್ನುವವರು ವೀಗನ್ ಗುರುತಿರುವ ಬಾಟಲಿ ಕೇಳಿ.

ಟೂರ್‌ನಲ್ಲಿ ಟೇಸ್ಟಿಂಗ್ ದುಡ್ಡು ಸೇರಿದ್ದರೆ ಬಾಟಲಿ ಕೊಳ್ಳಲೇಬೇಕು ಅಂತಿಲ್ಲ. ನೀವೇ ಹೋಗಿ ಬಿಟ್ಟಿ ರುಚಿ ನೋಡಿದರೆ ಒಂದಾದರೂ ಕೊಳ್ಳುವುದು ಅಲ್ಲಿನ ರೂಢಿ. ಸಣ್ಣ ವೈನ್ ಮನೆಗಳು ಹನ್ನೆರಡರಿಂದ ಎರಡರವರೆಗೆ ಊಟಕ್ಕೆ ಮುಚ್ಚುತ್ತವೆ, ನೆನಪಿಡಿ. ಇನ್ನು ತೋಟದಲ್ಲಿ ನಡೆಯುವಾಗ ಒಂದು ಹಣ್ಣೂ ಕೀಳಬೇಡಿ. ಅದು ಯಾರದೋ ಒಂದು ವರ್ಷದ ದುಡಿಮೆ.

7. ಊಟ, ಅದರಲ್ಲೂ ಸಸ್ಯಾಹಾರಿಗಳಿಗೆ

ಮಧ್ಯಾಹ್ನ ಹನ್ನೆರಡರಿಂದ ಒಂದೂವರೆಯ ಒಳಗೆ ಕೂತುಬಿಡಿ. ಎರಡಕ್ಕೆ ಅಡುಗೆಮನೆ ಬಂದ್, ಆಮೇಲೆ ಕೇಳಿದರೂ ಸಿಗುವುದಿಲ್ಲ. ಇಲ್ಲಿನ ಮನೆಮಾದರಿ ಊಟದ ಹೋಟೆಲ್‌ಗೆ ವಿನ್‌ಸ್ಟುಬ್ ಅನ್ನುತ್ತಾರೆ.

ಅಲ್ಸಾಸ್ ಅಡುಗೆಯಲ್ಲಿ ಹಂದಿಮಾಂಸ ಎಲ್ಲೆಲ್ಲೂ ಇದೆ. ಶುಕ್ರೂತ್ ಅಂದರೆ ಹುಳಿ ಬರಿಸಿದ ಎಲೆಕೋಸು, ಮೇಲೆ ಸಾಸೇಜು, ಮಾಂಸ. ಬರೀ ಕೋಸು ಕೊಡಿ ಅಂದರೂ ಬೇಯಿಸಿರುವುದು ಕೊಬ್ಬಿನಲ್ಲಿ. ನಿಮಗೆ ಹೊಂದುವುದು ತಾರ್ತ್ ಫ್ಲಾಂಬೆ. ಹಪ್ಪಳದಷ್ಟು ತೆಳ್ಳಗೆ ಲಟ್ಟಿಸಿದ ಹಿಟ್ಟು, ಮೇಲೆ ಕೆನೆ, ಈರುಳ್ಳಿ, ಸೌದೆ ಒಲೆಯಲ್ಲಿ ಅಂಚು ಕರ್ರಗಾಗುವ ಹಾಗೆ ಸುಟ್ಟಿದ್ದು. ಇದರಲ್ಲೂ ಲಾರ್ದೋಂ, ಅಂದರೆ ಹಂದಿಮಾಂಸದ ಚೂರು ಇರುತ್ತದೆ. "ಸಾಂ ಲಾರ್ದೋಂ" ಅಂತ ಹೇಳಬೇಕು, ಲಾರ್ದೋಂ ಬೇಡ ಅಂತ. ಫೋರೆಸ್ತಿಯೇರ್ ಅಂತ ಅಣಬೆ ಹಾಕಿದ್ದು ಮೆನುವಿನಲ್ಲಿ ಇರುತ್ತದೆ. ಅಣಬೆಯದು ತಾನೇ ಅಂತ ತರಿಸಿ ಮೋಸ ಹೋದವರು ಬಹಳ, ಅದರಲ್ಲೂ ಲಾರ್ದೋಂ ಇರುತ್ತದೆ.

ಸ್ಪೆಟ್ಸಲ್ ಅನ್ನುವ ನೂಡಲ್ಸಿನಲ್ಲಿ ಮೊಟ್ಟೆ ಇದೆ. ಮುನ್‌ಸ್ಟರ್ ಚೀಸ್ ಈ ಸೀಮೆಯ ಹೆಮ್ಮೆ, ಆದರೆ ಹಾಲು ಹೆಪ್ಪುಗಟ್ಟಿಸಲು ಸಾಮಾನ್ಯವಾಗಿ ಕರುವಿನ ಹೊಟ್ಟೆಯಿಂದ ತೆಗೆದ ರೆನ್ನೆಟ್ ಬಳಸುತ್ತಾರೆ. ಕುಗೆಲ್‌ಹೋಫ್ ಅನ್ನುವ ಬಾದಾಮಿ, ದ್ರಾಕ್ಷಿಯ ಬ್ರೆಡ್ಡು ರುಚಿ, ಮೊಟ್ಟೆ ಇರುತ್ತದೆ. ಅದರ ಖಾರದ ಬಗೆಯಲ್ಲಿ ಮತ್ತೆ ಲಾರ್ದೋಂ. ಇವು ಯಾವುದನ್ನೂ ತಿನ್ನದ ಜೈನರು, ಮಡಿಯವರು ಚಪಾತಿ, ಚಟ್ನಿಪುಡಿ ಕಟ್ಟಿಕೊಂಡು ಹೋಗುವುದೇ ನೆಮ್ಮದಿ. ಗಾಡಿಯೊಳಗೆ ತಿನ್ನಬಹುದೇ ಅಂತ ಮಾತ್ರ ಕೇಳಿ, ಊರಿನ ಕಟ್ಟೆ, ಬೆಂಚುಗಳಲ್ಲಿ ಕೂತು ತಿನ್ನಲು ಯಾರೂ ಬೇಡ ಅನ್ನುವುದಿಲ್ಲ.

8. ಹೊರಡುವ ಬೆಳಿಗ್ಗೆ ಕೈಯಲ್ಲಿ ಏನಿರಬೇಕು

ಗಟ್ಟಿ ಅಟ್ಟೆಯ ಶೂ, ಕಲ್ಲು ಹಾಸಿನ ಮೇಲೆ ತೆಳು ಚಪ್ಪಲಿಯಲ್ಲಿ ಅರ್ಧ ದಿನಕ್ಕೆ ಪಾದ ಸೋಲುತ್ತದೆ. ತೆಳ್ಳನೆ ಜಾಕೆಟ್, ಬೇಸಿಗೆಯಲ್ಲೂ ನೆಲಮಾಳಿಗೆ ತಣ್ಣಗಿರುತ್ತದೆ. ಟಾಯ್ಲೆಟ್‌ಗೆ ಚಿಲ್ಲರೆ ನಾಣ್ಯ. ನೀರಿನ ಬಾಟಲಿ, ಪಾಸ್‌ಪೋರ್ಟ್.

9. ಬಾಟಲಿ ಮನೆಗೆ ತರುವುದು

ಅಲ್ಸಾಸ್‌ನ ಬಾಟಲಿ ಸಣ್ಣಗೆ, ಕೊಳಲಿನ ಹಾಗೆ ಉದ್ದ. ಇದಕ್ಕೆ ಫ್ಲೂತ್ ಅಂತಲೇ ಹೆಸರು. ಸಾಮಾನ್ಯ ಬಾಟಲಿಗೆಂದು ಮಾಡಿದ ಗಾಳಿ ತುಂಬುವ ಚೀಲದಲ್ಲಿ ಕತ್ತು ಹೊರಗೆ ಉಳಿಯಬಹುದು. ಕೊಳ್ಳುವಲ್ಲೇ ಅಳತೆಯ ರಟ್ಟಿನ ಪೆಟ್ಟಿಗೆ ಕೇಳಿ. ಕೈಚೀಲದಲ್ಲಿ ವಿಮಾನಕ್ಕೆ ಬಿಡುವುದಿಲ್ಲ, ಸೂಟ್‌ಕೇಸಿನ ನಡುವೆ ಬಟ್ಟೆ ಸುತ್ತಿ ಇಡಿ.

ಭಾರತಕ್ಕೆ ಬರುವ ವಯಸ್ಕ ಪ್ರಯಾಣಿಕರೊಬ್ಬರು ಸುಂಕವಿಲ್ಲದೆ ತರಬಹುದಾದ್ದು ಎರಡು ಲೀಟರ್. 750 ಮಿಲಿಲೀಟರಿನ ಎರಡು ಬಾಟಲಿ ಆ ಮಿತಿಯೊಳಗೆ ಬರುತ್ತವೆ, ಮೂರನೆಯದು ಬರುವುದಿಲ್ಲ. ಡ್ಯೂಟಿ ಫ್ರೀಯಲ್ಲಿ ಕೊಂಡದ್ದೂ ಇದೇ ಲೆಕ್ಕಕ್ಕೆ ಸೇರುತ್ತದೆ. ಗಂಡ ಹೆಂಡತಿ ಇಬ್ಬರಿದ್ದರೆ ಇಬ್ಬರ ಸೂಟ್‌ಕೇಸಿನಲ್ಲೂ ಹಂಚಿ ಇಡಿ.

ಯಾವುದನ್ನು ತರಲಿ ಅಂತ ಕೇಳಿದರೆ ನಾನು ಹೇಳುವುದು, ಒಂದು ಸೆಕ್ ರೀಸ್ಲಿಂಗ್, ಒಂದು ಗೆವುರ್ಜ್‌ಟ್ರಾಮಿನರ್. ರೀಸ್ಲಿಂಗ್ ಮಂಗಳೂರು ಕಡೆಯ ಮೀನಿನ ಜೊತೆ ಕೂಡುತ್ತದೆ. ಗೆವುರ್ಜ್‌ಟ್ರಾಮಿನರ್ ಅಲ್ಪ ಸಿಹಿ ಇರುವುದರಿಂದ ನಮ್ಮ ಖಾರ, ಮಸಾಲೆಯನ್ನು ತಡೆದುಕೊಳ್ಳುತ್ತದೆ. ತಂದ ದಿನವೇ ತೆಗೆಯಬೇಡಿ, ವಿಮಾನದಲ್ಲಿ ಕುಲುಕಿದ ಬಾಟಲಿ ಒಂದು ವಾರ ಕತ್ತಲಲ್ಲಿ ತಣ್ಣಗೆ ಮಲಗಿರಲಿ. ಕುಡಿಯುವ ದಿನ ಎರಡು ಗಂಟೆ ಫ್ರಿಜ್‌ನಲ್ಲಿ ಇಟ್ಟು ತೆಗೆಯಿರಿ.